ಏಳು ರೊಟ್ಟಿಯ ದೂರ

"ಹದಿನಾರನೇದು ಕೇಳು," ಎಂದ ಸುಧೀಂದ್ರ. ಮೊಣಕಾಲ ಮೇಲೆ ಸ್ಪೈರಲ್ ನೋಟ್‌ಬುಕ್ಕು ಬಿಚ್ಚಿಕೊಂಡಿತ್ತು. "ಎರಡನೇ ಫಿಲ್ಮು, ಐವತ್ತೆರಡನೇ ನಿಮಿಷ. ಹೆಂಗಸು ಬಾಗಿಲಲ್ಲಿ ನಿಂತು ಚಾಪೆ ಒದರ್ತಾಳೆ. ಧೂಳು ಬಿಸಿಲಿಗೆ ಬರುತ್ತೆ. ನನ್ನ ಸ್ಕ್ರಿಪ್ಟಲ್ಲಿ ಒಂಬತ್ತನೇ ಸೀನು ಏನು?"

"ಚಾಪಿ ಒದರೋದು," ಎಂದಳು ರಾಜಲಕ್ಷ್ಮಿ, ರಸ್ತೆಯಿಂದ ಕಣ್ಣು ತೆಗೆಯದೆ. ಪ್ಲೇನೋದಿಂದ ಆಸ್ಟಿನ್ನಿಗೆ ಹೊರಟವರು ವೇಕೋ ದಾಟಿ ಹತ್ತು ಮೈಲಿ ಆಗಿತ್ತು. ಕಾರು ಅವಳೇ ಓಡಿಸುತ್ತಿದ್ದಳು.

"ನೋಡಿದ್ಯಾ."

"ಚಾಪಿ ಎಲ್ಲಾರೂ ಒದರ್ತಾರ್ರಿ. ನಮ್ಮವ್ವನೂ ಒದರ್ತಿದ್ಲು."

"ಬಿಸಿಲಿಗೆ ಎದುರಾಗಿ ನಿಂತು ಒದರ್ತಿದ್ರಾ ನಿಮ್ಮಮ್ಮ?"

ದೊಡ್ಡ ಟ್ರಕ್ಕೊಂದು ಪಕ್ಕದಲ್ಲಿ ಹಾದು ಕಾರು ಸಣ್ಣಗೆ ಅಲ್ಲಾಡಿತು. ಸುಧೀಂದ್ರ ಹದಿನಾರರ ಮುಂದೆ ಒಂದು ಟಿಕ್ ಹಾಕಿದ.

ಸಂಶಯ ಅವನ ಸ್ವಭಾವ ಎಂದು ಹೇಳಿಬಿಡುವುದು ಸುಲಭ. ಆದರೆ ಹೊಟ್ಟೆಪಾಡೂ ಅದೇ ಆಗಿತ್ತು. ಪ್ಲೇನೋದ ಕಂಪನಿಯೊಂದರಲ್ಲಿ ಇಪ್ಪತ್ತೆರಡು ವರ್ಷದಿಂದ ಅವನದು ಟೆಸ್ಟಿಂಗ್ ಕೆಲಸ. ಅಂದರೆ ಬೇರೆಯವರು ಬರೆದ ಪ್ರೋಗ್ರಾಮುಗಳಲ್ಲಿ ತಪ್ಪು ಹುಡುಕುವುದು. ಕಂಡ ತಪ್ಪಿಗೊಂದು ನಂಬರು, ಎಲ್ಲಿ ಕಂಡಿತು, ಏನು ಮಾಡಿದರೆ ಮತ್ತೆ ಕಾಣುತ್ತದೆ, ಎಲ್ಲ ಬರೆಯಬೇಕು. ಮನೆಯ ನಲ್ಲಿ ಸೋರಿದರೂ ಪ್ಲಂಬರನಿಗೆ ಅದೇ ಧಾಟಿಯಲ್ಲಿ ಬರೆದುಕೊಡುತ್ತಿದ್ದ. ಈ ನೋಟ್‌ಬುಕ್ಕೂ ಹಾಗೇ. ಹೊರರಟ್ಟಿನ ಮೇಲೆ ಒಂದೇ ಹೆಸರು: ಕನ್ನಿಕಾ.

ಹೆಸರು ಕೇಳಿ ನಮ್ಮ ಕಡೆಯವಳು ಅಂದುಕೊಂಡವರು ಬಹಳ ಜನ. ಕನ್ನಿಕಾ ಸೀಮುವಂಗ್ ಥಾಯ್‌ಲೆಂಡಿನವಳು. ಈಗ ಜಗತ್ತಿನ ದೊಡ್ಡ ದೊಡ್ಡ ಚಿತ್ರೋತ್ಸವಗಳಲ್ಲಿ ಅವಳ ಸಿನಿಮಾಕ್ಕೆ ಜನ ಸಾಲು ನಿಲ್ಲುತ್ತಾರೆ. ಆದರೆ ತೊಂಬತ್ತೊಂಬತ್ತರಲ್ಲಿ ಅವಳು ಆಸ್ಟಿನ್ನಿನ ಒಂದು ಅಪಾರ್ಟ್‌ಮೆಂಟಿನಲ್ಲಿ ಇವರ ಕೆಳಗಿನ ಮನೆಯಲ್ಲಿದ್ದ, ಚಳಿಗಾಲದಲ್ಲೂ ಹವಾಯಿ ಚಪ್ಪಲಿ ಹಾಕಿಕೊಂಡು ಓಡಾಡುತ್ತಿದ್ದ ಸಿನಿಮಾ ವಿದ್ಯಾರ್ಥಿನಿ. ಮನೆಯವರು ಕರೆಯುವ ಹೆಸರು ನೊಕ್. ರಾಜಲಕ್ಷ್ಮಿಗೆ ಆಗಷ್ಟೇ ಅಲ್ಲಿ ಪ್ರೋಗ್ರಾಮಿಂಗ್ ಕೆಲಸ ಸಿಕ್ಕಿತ್ತು. ಅವಳ ಹಿಂದೆ ಬಂದ ಸುಧೀಂದ್ರನ ವೀಸಾದಲ್ಲಿ ಕೆಲಸ ಮಾಡುವ ಹಾಗಿರಲಿಲ್ಲ. ಬೆಂಗಳೂರಿನಲ್ಲಿ ಆರು ವರ್ಷ ಅಸಿಸ್ಟೆಂಟ್ ಡೈರೆಕ್ಟರಾಗಿ ದುಡಿದ ಮನುಷ್ಯ ಹಗಲೆಲ್ಲ ಲೈಬ್ರರಿಯಲ್ಲಿ ಕೂತು ತನ್ನ ಸ್ಕ್ರಿಪ್ಟನ್ನು ತಿದ್ದುತ್ತಿದ್ದ.

ಆ ಸ್ಕ್ರಿಪ್ಟಿನ ಕತೆ ಟೆಕ್ಸಾಸಿನ ಕನ್ನಡಿಗರಿಗೆಲ್ಲ ಗೊತ್ತು. ಸಂಘದ ಪಿಕ್ನಿಕ್ಕುಗಳಲ್ಲಿ, ಗಣೇಶನ ಹಬ್ಬದ ಊಟದ ಸಾಲಿನಲ್ಲಿ, ಅವನು ಅದನ್ನು ಎಷ್ಟು ಸಲ ಹೇಳಿದ್ದನೋ. ರೈಲ್ವೆ ಗೇಟು ಕಾಯುವವನೊಬ್ಬ ಮನೆ ಬಿಟ್ಟು ಓಡಿಹೋಗುತ್ತಾನೆ. ವಿಷಯ ಗೊತ್ತಾದರೆ ಗೇಟಿನ ಪಕ್ಕದ ಮನೆಯೂ ಹೋಗುತ್ತದೆ. ಹೆಂಡತಿ ಗಂಡನ ಕೋಟು ತೊಟ್ಟು, ತಲೆಗೆ ರುಮಾಲು ಸುತ್ತಿ, ನಾಲ್ಕು ತಿಂಗಳು ತಾನೇ ಬಾವುಟ ಹಿಡಿಯುತ್ತಾಳೆ. ಓಡುವ ರೈಲಿನಿಂದ ಯಾರಿಗೂ ಗೊತ್ತಾಗುವುದಿಲ್ಲ. "ಹುಬ್ಬಳ್ಳಿ ಕಡೆ ಎಲ್ಲೋ ಒಂದು ಸಣ್ಣ ಘಟನೆ ಕಿವಿಗೆ ಬಿದ್ದಿತ್ತು. ಉಳಿದಿದ್ದೆಲ್ಲ ನಾನು ಕಟ್ಟಿದ್ದು," ಎನ್ನುತ್ತಿದ್ದ.

ಕಿವಿಗೆ ಹಾಕಿದ್ದವಳು ರಾಜಲಕ್ಷ್ಮಿ. ಅವಳ ಅಪ್ಪ ಗದಗಿನ ಹತ್ತಿರದ ಒಂದು ಸಣ್ಣ ಸ್ಟೇಷನ್ನಿನಲ್ಲಿ ಸ್ಟೇಷನ್ ಮಾಸ್ತರರು. ಬಾವುಟ ಹಿಡಿದವಳು ಸುಮಿತ್ರವ್ವ, ಅಲ್ಲಿಂದ ಒಂದೂವರೆ ಮೈಲಿಯ ಗೇಟಿನವಳು. ಮದುವೆಯಾದ ಹೊಸತರಲ್ಲಿ ಕೇಳಿದ ಈ ಕತೆಯನ್ನು ಸುಧೀಂದ್ರ ಮದ್ದೂರಿನ ಲೈನಿಗೆ ತಂದ, ಪ್ರೊಡ್ಯೂಸರು ಮಂಡ್ಯದವರು ಸಿಗುವ ಹಾಗಿದ್ದರು. ಸುಮಿತ್ರವ್ವ ಪುಟ್ಟತಾಯಮ್ಮ ಆದಳು. ಜೋಳದ ರೊಟ್ಟಿ ರಾಗಿ ಮುದ್ದೆ ಆಯಿತು. ಓದಿ ನೋಡಿದ ರಾಜಲಕ್ಷ್ಮಿ ಅವತ್ತು ಒಂದೇ ಮಾತು ಕೇಳಿದ್ದಳು: "ಮುದ್ದಿ ಮಾಡಿದ್ರ ಆಕಿಗೆ ಲೆಕ್ಕ ಹ್ಯಾಂಗ ಸಿಗತದ್ರಿ?" ಅವನು "ಅದೆಲ್ಲ ಡೀಟೈಲು ಬಿಡು" ಎಂದಿದ್ದ. ಪ್ರೊಡ್ಯೂಸರು ಸಿಗಲಿಲ್ಲ. ಸ್ಕ್ರಿಪ್ಟು ಆಸ್ಟಿನ್ನಿಗೆ ಬಂತು, ಆಸ್ಟಿನ್ನಿನಿಂದ ಪ್ಲೇನೋಗೆ ಬಂತು, ಈಗ ಗ್ಯಾರೇಜಿನಲ್ಲಿ ಒಂದು ಪ್ಲಾಸ್ಟಿಕ್ ಡಬ್ಬದಲ್ಲಿದೆ. ಅವನು ಬದುಕಿನಲ್ಲಿ ಬರೆದದ್ದು ಅದೊಂದೇ.

ಆ ಕತೆಯನ್ನು ನೊಕ್‌ಗೆ ಹೇಳಿದ್ದು ಅವನಿಗೆ ಚೆನ್ನಾಗಿ ನೆನಪಿದೆ. ಅಪಾರ್ಟ್‌ಮೆಂಟಿನ ಲಾಂಡ್ರಿ ರೂಮು. ಡ್ರೈಯರು ತಿರುಗುತ್ತಿತ್ತು. ಅವಳು ಬಟ್ಟೆ ಮಡಚುವುದನ್ನು ನಿಲ್ಲಿಸಿ ಕೇಳಿದ್ದಳು. ಕೊನೆಗೆ "ಥ್ಯಾಂಕ್ ಯೂ" ಅಂದಿದ್ದಳು. ಕತೆ ಹೇಳಿದ್ದಕ್ಕೆ ಥ್ಯಾಂಕ್ ಯೂ ಯಾಕೆ? ತಗೊಂಡಿದ್ದಕ್ಕೆ ತಾನೇ ಥ್ಯಾಂಕ್ ಯೂ ಅನ್ನೋದು? ಇಪ್ಪತ್ತೈದು ವರ್ಷದ ಹಿಂದಿನ ಆ ಎರಡು ಮಾತು ನೋಟ್‌ಬುಕ್ಕಿನ ಮೊದಲನೇ ಐಟಂ.

ಅವಳು ಊರಿಗೆ ಹೋಗಿ ಮೂರು ವರ್ಷ ಆರೋಗ್ಯ ಇಲಾಖೆಗೆ ಡೆಂಗಿ ಜ್ವರದ ಜಾಹೀರಾತು ಮಾಡಿಕೊಂಡಿದ್ದಳು. ಅದರಲ್ಲಿ ಉಳಿದ ಫಿಲ್ಮಿನಲ್ಲೇ ಮೊದಲ ಸಿನಿಮಾ ತೆಗೆದಳು, ಒಂದು ಸೊಳ್ಳೆ ಪರದೆಯೊಳಗೆ ಕೂತ ಮೂವರು ಅಕ್ಕತಂಗಿಯರದ್ದು. ಎರಡನೆಯದು ನೀರಿನ ಮೀಟರು ಓದುವ ಹೆಂಗಸಿನದ್ದು. ಮೂರನೆಯದಕ್ಕೆ ಯೂರೋಪಿನಲ್ಲಿ ದೊಡ್ಡ ಬಹುಮಾನ ಬಂತು. ಒಂದರಲ್ಲೂ ನಟನಟಿಯರಿಲ್ಲ. ಊರಿನವರನ್ನೇ ಕರೆದು ಒಂದು ಕೆಲಸ ಕೊಡುತ್ತಾಳೆ, ಮೀನು ಸೋಸು, ಪರದೆ ಹೊಲಿ ಅಂತ. ಕೆಲಸ ಮುಗಿಯುವ ತನಕ ಕ್ಯಾಮರಾ ಕದಲುವುದಿಲ್ಲ. ಕ್ಯಾಮರಾ ಯಾವಾಗಲೂ ನೆಲದ ಮೇಲೆ ಕೂತವರ ಕಣ್ಣಿನ ಎತ್ತರಕ್ಕೆ. ನಿಂತವರ ಮುಖ ಎಷ್ಟೋ ಸಲ ಕಾಣುವುದೇ ಇಲ್ಲ, ಕೈ ಕಾಣುತ್ತದೆ. ಸಂಗೀತವಿಲ್ಲ. ಪ್ರತಿ ದೃಶ್ಯಕ್ಕೂ ಮೊದಲು ಪರದೆ ಕತ್ತಲಾಗಿರುತ್ತದೆ, ಶಬ್ದ ಮಾತ್ರ ಬರುತ್ತದೆ, ಚಿತ್ರ ಆಮೇಲೆ.

"ಡೈಲಾಗ್ ಬರೆಯಕ್ಕೆ ಬರಲ್ಲ, ಅದಕ್ಕೆ ಮೀನು ಸೋಸಿಸ್ತಾಳೆ," ಎಂದು ಸುಧೀಂದ್ರ ಹೇಳುತ್ತಿದ್ದ. ಹೇಳುತ್ತಲೇ ಒಂದೊಂದನ್ನೂ ಮೂರು ಮೂರು ಸಲ ನೋಡಿದ್ದ. ಅವಳ ಸಿನಿಮಾಗಳ ಬಗ್ಗೆ ಇವನಷ್ಟು ತಿಳಿದವರು ಟೆಕ್ಸಾಸಿನಲ್ಲಿ ಇನ್ನೊಬ್ಬರಿರಲಿಕ್ಕಿಲ್ಲ.

ಹೀಗಿರುವಾಗ ಫೆಬ್ರವರಿಯಲ್ಲಿ ಹ್ಯೂಸ್ಟನ್ನಿನ ಕಡೆಯಿಂದ, ಸ್ಟಾಫರ್ಡಿನಲ್ಲಿ ದಿನಸಿ ಅಂಗಡಿ ಇಟ್ಟಿರುವ ಮೋಹನರಾಜ ವಾಟ್ಸಾಪಿನಲ್ಲಿ ಒಂದು ಟ್ರೈಲರ್ ಕಳಿಸಿದ. ಕನ್ನಿಕಾಳ ಹೊಸ ಸಿನಿಮಾ, 'ಹನ್ನೆರಡು ನಲವತ್ತು'. ದೊಗಳೆ ಕೋಟಿನ ಹೆಂಗಸು ಹಳಿಯ ಪಕ್ಕ ಹಸಿರು ಬಾವುಟ ಹಿಡಿದು ನಿಂತಿದ್ದಳು. ಕೆಳಗೆ ಮೋಹನರಾಜ ಬರೆದಿದ್ದ: "ಗುರುಗಳೇ, ಇದು ನಿಮ್ಮದಲ್ವಾ?"

ಅವತ್ತಿನಿಂದ ಸುಧೀಂದ್ರ ಸರಿಯಾಗಿ ನಿದ್ದೆ ಮಾಡಿರಲಿಲ್ಲ. ಆಸ್ಟಿನ್ನಿನ ಏಷ್ಯಾ ಚಿತ್ರೋತ್ಸವಕ್ಕೆ ಅವಳೇ ಬರುತ್ತಾಳೆ, ಸಿನಿಮಾ ಮುಗಿದ ಮೇಲೆ ಪ್ರಶ್ನೋತ್ತರ ಇದೆ ಎಂದು ಗೊತ್ತಾದಾಗ ನಾಲ್ಕು ಟಿಕೆಟ್ ತೆಗೆದ. ಎಲ್ಲರ ಎದುರಿಗೆ ಎದ್ದು ಕೇಳಬೇಕು. ಕತೆ ಸುಧೀಂದ್ರನದು ಎಂದು ಪರದೆಯ ಮೇಲೆ ಬರಬೇಕು. ಅಷ್ಟೇ. ಬೇರೆ ಏನೂ ಬೇಡ.

"ನೊಕ್ ಹಂಗ ಮಾಡೋಳಲ್ರಿ," ಎಂದಿದ್ದಳು ರಾಜಲಕ್ಷ್ಮಿ.

ಹಂಗ ಮಾಡೋಳಲ್ಲ ಎಂದು ಇವಳಿಗೆ ಹೇಗೆ ಗೊತ್ತು? ಅದನ್ನೂ ಬರೆದುಕೊಳ್ಳೋಣ ಅನ್ನಿಸಿತ್ತು ಅವನಿಗೆ. ಬರೆಯಲಿಲ್ಲ.

*

ಥಿಯೇಟರಿನ ಮುಂದೆ ಮಗಳು ಮಹತಿ ಕಾಯುತ್ತಿದ್ದಳು. ಅಲ್ಲೇ ಆಸ್ಟಿನ್ನಿನಲ್ಲಿ ಓದುತ್ತಿದ್ದಾಳೆ. ಅಪ್ಪನ ಪ್ರಶ್ನೆಯನ್ನು ಇಂಗ್ಲಿಷಿನಲ್ಲಿ ಟೈಪ್ ಮಾಡಿ ತಂದಿದ್ದಳು.

"ಅಪ್ಪಾ, ಮೂರು ಸೆಂಟೆನ್ಸ್ ಮಾತ್ರ. ಅದಕ್ಕಿಂತ ಜಾಸ್ತಿ ಮಾತಾಡಿದ್ರೆ ಮೈಕ್ ಕಿತ್ಕೋತಾರೆ."

"ಕದ್ದಿದ್ದಾಳೆ ಅಂತ ಎಲ್ಲಿದೆ ಇದರಲ್ಲಿ?"

"ಆ ವರ್ಡ್ ಹಾಕಿಲ್ಲ. ಪೊಲೈಟ್ ಆಗಿರ್ಲಿ."

"ಕಳ್ಳರ ಹತ್ರ ಏನು ಪೊಲೈಟು?"

"ಅಪ್ಪಾ, ಪ್ಲೀಸ್. ನನ್ನ ಪ್ರೊಫೆಸರ್ ಬಂದಿದಾರೆ ಒಳಗೆ."

ಅಷ್ಟರಲ್ಲಿ ಮೋಹನರಾಜ ಕಾರು ನಿಲ್ಲಿಸಿ ಬಂದ. ಶನಿವಾರದ ವ್ಯಾಪಾರ ಬಿಟ್ಟು ಮೂರು ಗಂಟೆ ಡ್ರೈವ್ ಮಾಡಿಕೊಂಡು ಬಂದವನು, ಮದುವೆಗೆ ಬಂದವನಂತೆ ಇಸ್ತ್ರಿ ಅಂಗಿ ಹಾಕಿದ್ದ. "ನಾನು ಸಾಕ್ಷಿ, ಗುರುಗಳೇ. ಎರಡು ಸಾವಿರದ ನಾಲ್ಕನೇ ಇಸವಿ ಪಿಕ್ನಿಕ್ಕಲ್ಲಿ ಕೇಳಿದೀನಿ ಈ ಕತೆ. ಐದರಲ್ಲೂ ಕೇಳಿದೀನಿ. ಆರರಲ್ಲೂ. ಅತ್ತಿಗೆ, ನಿಮ್ಮೋರು ಬಿಟ್ಟಿದಾರಾ ಯಾವ ವರ್ಷನಾದ್ರೂ?"

"ಹನ್ನೊಂದರಾಗ ಬಿಟ್ಟಾರ್ರಿ. ಗಂಟಲು ಕೂತಿತ್ತು," ಎಂದಳು ರಾಜಲಕ್ಷ್ಮಿ.

ಮಹತಿ ನಕ್ಕಳು. ಸುಧೀಂದ್ರ ನಗಲಿಲ್ಲ. ಅವನು ಹೆಂಡತಿಯ ಕೈಚೀಲ ನೋಡುತ್ತಿದ್ದ. ಅದರಲ್ಲಿ ಬಟ್ಟೆ ಸುತ್ತಿದ ಸ್ಟೀಲ್ ಡಬ್ಬಿಯೊಂದು ಉಬ್ಬಿಕೊಂಡಿತ್ತು. ಬೆಳಗ್ಗೆ ಏನೆಂದು ಕೇಳಿದ್ದಕ್ಕೆ "ಶೇಂಗಾ ಚಟ್ನಿಪುಡಿ. ಮಹತಿಗೆ" ಎಂದಿದ್ದಳು.

"ಕೊಡಲ್ವಾ ಅವಳಿಗೆ?"

"ಕೊಡ್ತೀನಿ ತಡೀರಿ. ನಾ ಒಂಚೂರು ರೆಸ್ಟ್‌ರೂಮಿಗೆ ಹೋಗಿ ಬರ್ತೀನಿ. ನೀವು ಒಳಗ ಕೂಡ್ರಿ."

ಒಳಗೆ ಹೋಗಿ ಕೂತರು. ಐದು ನಿಮಿಷವಾಯಿತು, ಹತ್ತಾಯಿತು. ಸುಧೀಂದ್ರ ಎರಡು ಸಲ ಹಿಂತಿರುಗಿ ಬಾಗಿಲು ನೋಡಿದ. ಮೋಹನರಾಜ ಪಾಪ್‌ಕಾರ್ನ್ ಮುಂದೆ ಹಿಡಿದರೂ ಬೇಡವೆಂದ. ದೀಪ ಆರುವುದಕ್ಕೂ ರಾಜಲಕ್ಷ್ಮಿ ಬಂದು ಪಕ್ಕದಲ್ಲಿ ಕೂರುವುದಕ್ಕೂ ಸರಿಹೋಯಿತು. ಕತ್ತಲಲ್ಲಿ ಅವಳ ಮುಖ ಕಾಣಲಿಲ್ಲ. ಒಂದು ಸಂಗತಿ ಮಾತ್ರ ಅವನಿಗೆ ಆಗ, ಆ ಕತ್ತಲಲ್ಲಿ, ಥಟ್ಟನೆ ಹೊಳೆಯಿತು: ಮಹತಿಗೆ ಶೇಂಗಾ ಆಗುವುದಿಲ್ಲ. ಮೂರು ವರ್ಷದವಳಿದ್ದಾಗ ತಿಂದು ತುಟಿ ಊದಿಕೊಂಡು ಆಸ್ಪತ್ರೆಗೆ ಓಡಿದ್ದರು. ಆಮೇಲೆ ಮನೆಯಲ್ಲಿ ಅವಳ ಡಬ್ಬಿಯೇ ಬೇರೆ.

ಪರದೆ ಇನ್ನೂ ಕಪ್ಪಾಗಿತ್ತು. ಶಬ್ದ ಶುರುವಾಯಿತು.

ಟಪ್, ಟಪ್, ಟಪ್. ಸ್ವಲ್ಪ ತಡೆದು, ಟಪ್ ಟಪ್.

ಸುಧೀಂದ್ರನಿಗೆ ಮೊದಲು ಗೊತ್ತಾಗಲಿಲ್ಲ. ಪಕ್ಕದಲ್ಲಿ ರಾಜಲಕ್ಷ್ಮಿಯ ಉಸಿರು ನಿಂತ ಹಾಗಾಯಿತು, ಅದು ಗೊತ್ತಾಯಿತು. ಆಮೇಲೆ ಚಿತ್ರ ಬಂತು. ನೆಲದ ಮೇಲೆ ಕೂತ ಹೆಂಗಸಿನ ಕೈಗಳು. ಅಂಟಕ್ಕಿಯ ಹಿಟ್ಟನ್ನು ಅಂಗೈಯಿಂದ ತಟ್ಟಿ ತಟ್ಟಿ ತೆಳ್ಳಗೆ ಮಾಡಿ ಕೆಂಡದ ಮೇಲಿನ ಜಾಲರಿಗೆ ಹಾಕುತ್ತಿದ್ದಾಳೆ. ಗೋಡೆಯ ಮೇಲೆ ಹಳೇ ಫೋನು. ಅದು ಗಂಟೆ ಹೊಡೆಯುತ್ತದೆ. ಅವಳು ಎದ್ದು ರಿಸೀವರ್ ಎತ್ತಿ, ದನಿ ದಪ್ಪ ಮಾಡಿ ಒಂದು "ಹೂಂ" ಅನ್ನುತ್ತಾಳೆ. ಇಡುತ್ತಾಳೆ. ಹೋಗಿ ಗೇಟು ಇಳಿಸಿ ಬಂದು ಮತ್ತೆ ತಟ್ಟಲು ಕೂರುತ್ತಾಳೆ. ಒಂದು. ಎರಡು. ಕ್ಯಾಮರಾ ಕದಲುವುದಿಲ್ಲ. ಮೂರು. ಬಿಲ್ಲೆ ಉಬ್ಬುತ್ತದೆ, ಅವಳು ತೆಗೆದು ಪಕ್ಕಕ್ಕಿಡುತ್ತಾಳೆ. ಥಿಯೇಟರಿನಲ್ಲಿ ಯಾರೋ ಕೆಮ್ಮಿದರು. ಐದು. ಆರು. ಏಳನೆಯದನ್ನು ಜಾಲರಿಯಿಂದ ತೆಗೆಯುವಾಗ ನೆಲ ಸಣ್ಣಗೆ ನಡುಗಿ ತಟ್ಟೆಗಳು ಕಿಣಿಕಿಣಿ ಅಂದವು. ಅವಳು ಎದ್ದಳು.

ಮುದ್ದೆ ಅಲ್ಲ.

ಲಾಂಡ್ರಿ ರೂಮಿನಲ್ಲಿ ಅವನು ಹೇಳಿದ್ದು ಮುದ್ದೆಯ ಕತೆ. ಮುದ್ದೆ ಎಂದರೇನು ಎಂದು ಅವಳು ಕೇಳಿ, ಅವನು ಒಗೆದ ಟವೆಲ್ಲನ್ನು ಉಂಡೆ ಮಾಡಿ ತೋರಿಸಿದ್ದ. ಅದರಲ್ಲಿ ತಟ್ಟುವುದಿಲ್ಲ, ಎಣಿಸುವುದಿಲ್ಲ. ಮತ್ತೆ ಫೋನಿನಿಂದ ರೈಲಿಗೆ ಏಳು ಎಂಬ ಈ ಲೆಕ್ಕ ಎಲ್ಲಿಂದ ಬಂತು?

ಎದ್ದ ಹೆಂಗಸು ಈಗ ಕೋಟನ್ನು ಬಿಚ್ಚಿದಳು. ಅಷ್ಟು ಹೊತ್ತೂ ಅದನ್ನು ಒಳಮಗ್ಗುಲು ಹೊರಗೆ ಮಾಡಿ ತೊಟ್ಟಿದ್ದಳು ಎಂದು ಆಗಲೇ ಗೊತ್ತಾಗುವುದು. ಅಸ್ತರಿನ ತುಂಬ ಹಿಟ್ಟಿನ ಕೈಗುರುತು, ಹಳೆಯವು, ಹೊಸವು, ಒಂದರ ಮೇಲೊಂದು. ಎರಡು ಸಲ ಕೊಡವಿ, ತಿರುವಿ ತೊಟ್ಟಳು. ಹೊರಗಿನ ನೀಲಿ ಬಟ್ಟೆಯ ಮೇಲೆ ಒಂದು ಚುಕ್ಕೆ ಹಿಟ್ಟಿಲ್ಲ. ಬಾವುಟ ತೆಗೆದುಕೊಂಡು ಬಿಸಿಲಿಗೆ ಹೋದಳು.

ಇದು ಅವನ ಸ್ಕ್ರಿಪ್ಟಿನಲ್ಲಿ ಇರಲಿಲ್ಲ. ಅವನು ಕೇಳಿದ್ದರಲ್ಲೂ ಇರಲಿಲ್ಲ. ಇಂಥದ್ದನ್ನು ಕೂತು ಕಟ್ಟಲಿಕ್ಕೂ ಆಗುವುದಿಲ್ಲ, ಯಾರೋ ಕಂಡಿರಬೇಕು. ಆರು ವರ್ಷ ಸೆಟ್ಟುಗಳಲ್ಲಿ ಕೋಟು, ಸೀರೆ, ಚಪ್ಪಲಿಗಳ ಲೆಕ್ಕ ಇಟ್ಟವನಿಗೆ ಅಷ್ಟು ತಿಳಿಯುತ್ತಿತ್ತು. ಅವನು ನಿಧಾನವಾಗಿ ಹೆಂಡತಿಯ ಕಡೆ ತಿರುಗಿದ. ಪರದೆಯ ಬೆಳಕಿನಲ್ಲಿ ಅವಳ ಕಣ್ಣು ಹೊಳೆಯುತ್ತಿತ್ತು. ತೊಡೆಯ ಮೇಲಿನ ಚೀಲ ಚಪ್ಪಟೆಯಾಗಿತ್ತು. ಡಬ್ಬಿ ಇರಲಿಲ್ಲ.

*

ದೀಪ ಬಂದಾಗ ಜನ ಎದ್ದು ನಿಂತು ಚಪ್ಪಾಳೆ ಹೊಡೆದರು. ಕನ್ನಿಕಾ ಸ್ಟೇಜಿಗೆ ಬಂದಳು. ಕೂದಲು ಪೂರ್ತಿ ಬೆಳ್ಳಗಾಗಿತ್ತು. ಕಾಲಲ್ಲಿ ಹವಾಯಿ ಚಪ್ಪಲಿ. ಮೊದಲು ಯಾರೋ ಬಣ್ಣದ ಬಗ್ಗೆ ಕೇಳಿದರು, ಇನ್ಯಾರೋ ಸರ್ಕಾರದ ಬಗ್ಗೆ. ಮೋಹನರಾಜ ತನ್ನ ಕೈಯನ್ನೂ ಎತ್ತಿ ಸುಧೀಂದ್ರನ ಕಡೆ ಬೆರಳು ತೋರಿಸಿದ. ಮೈಕು ಸಾಲಿನ ಮೇಲೆ ಕೈಯಿಂದ ಕೈಗೆ ಬಂತು.

ಸುಧೀಂದ್ರ ಎದ್ದ. ಎಡಗೈಯಲ್ಲಿ ಮಹತಿ ಟೈಪ್ ಮಾಡಿದ ಹಾಳೆ. ಸ್ಟೇಜಿನ ದೀಪ ಕಣ್ಣಿಗೆ ಹೊಡೆದು ಕನ್ನಿಕಾ ಹಣೆಗೆ ಕೈ ಅಡ್ಡ ಹಿಡಿದು ನೋಡಿದಳು. ಗುರುತು ಸಿಕ್ಕಿದ ಹಾಗೆ ಕಾಣಲಿಲ್ಲ. ಅವಳು ಕಂಡಿದ್ದಾಗ ಅವನಿಗೆ ತಲೆತುಂಬ ಕೂದಲಿತ್ತು.

ತಪ್ಪು ಕಂಡ ತಕ್ಷಣ ಬರೆಯಬಾರದು, ಮೊದಲು ಖಚಿತ ಮಾಡಿಕೊಳ್ಳಬೇಕು. ಆಫೀಸಿನಲ್ಲಿ ಹೊಸಬರಿಗೆ ಅವನೇ ಹೇಳಿಕೊಡುವ ಪಾಠ. ಹಾಳೆ ನೋಡದೆ ಇಂಗ್ಲಿಷಿನಲ್ಲಿ ಕೇಳಿದ.

"ಆ ಕೋಟು. ಅದನ್ನು ತಿರುವಿ ಹಾಕಿಕೊಳ್ಳುವುದು. ಅದನ್ನು ನಿಮಗೆ ಯಾರು ಹೇಳಿದರು?"

"ಒಳ್ಳೆಯ ಪ್ರಶ್ನೆ," ಎಂದಳು ಕನ್ನಿಕಾ. ಇಂಗ್ಲಿಷನ್ನು ಮೊದಲಿನ ಹಾಗೇ ಒಂದೊಂದೇ ಮಾತು ಆರಿಸಿ ಆಡುತ್ತಿದ್ದಳು. "ನಾನು ಈ ಊರಿನಲ್ಲಿ ಓದುತ್ತಿದ್ದಾಗ ಮಹಡಿ ಮೇಲೆ ಒಬ್ಬಳು ಅಕ್ಕ ಇದ್ದಳು. ಭಾನುವಾರ ರೊಟ್ಟಿ ತಟ್ಟುತ್ತಿದ್ದಳು. ನನ್ನ ಮನೆಯ ಸೂರಿನಲ್ಲಿ ಆ ಸದ್ದು ಕೇಳುತ್ತಿತ್ತು. ಮೊದಲು ಸದ್ದು, ಎಷ್ಟೋ ವಾರ ಆದಮೇಲೆ ಮುಖ. ನನ್ನ ಸಿನಿಮಾಗಳು ಯಾಕೆ ಕತ್ತಲಲ್ಲಿ ಶುರುವಾಗುತ್ತವೆ ಎಂದು ಕೇಳುತ್ತಾರೆ. ಅದಕ್ಕೇ. ಅವಳು ಒಂಬತ್ತು ವರ್ಷದವಳಿದ್ದಾಗ ಆ ಕೋಟನ್ನು ಕಂಡಿದ್ದಳು. ಅವಳ ತಂದೆಗೆ ಫೋನಿನ ಹೂಂ ಕೇಳಿಯೇ ಎಲ್ಲ ಗೊತ್ತಾಗಿತ್ತಂತೆ. ಅವರು ಯಾರಿಗೂ ಹೇಳಲಿಲ್ಲ. ಯಾರಿಗೂ ಹೇಳಬೇಡ ಎಂದು ಮಗಳಿಗೂ ಅಂದಿದ್ದರು."

ಕನ್ನಿಕಾ ಮೈಕನ್ನು ಇನ್ನೊಂದು ಕೈಗೆ ಬದಲಿಸಿದಳು.

"ಅವಳ ಗಂಡನೂ ಒಂದು ಸಲ ಇದೇ ಕತೆ ಹೇಳಿದ್ದ. ಸಿನಿಮಾದವನು. ತುಂಬ ಚೆನ್ನಾಗಿ ಹೇಳಿದ. ಆದರೆ ಅವನ ಕತೆಯಲ್ಲಿ ಹೆಂಗಸಿಗೆ ರೈಲು ಬರುವುದು ಹೇಗೆ ತಿಳಿಯುತ್ತಿತ್ತೋ ನನಗೆ ಗೊತ್ತಾಗಲೇ ಇಲ್ಲ." ಅಲ್ಲಲ್ಲಿ ಸಣ್ಣಗೆ ನಕ್ಕರು. ಅವಳು ನಗಲಿಲ್ಲ. "ಅಕ್ಕ ಒಂದು ಮಾತು ತೆಗೆದುಕೊಂಡಿದ್ದಳು. ಇದು ನನ್ನ ಗಂಡ ಮಾಡುವ ಸಿನಿಮಾ, ಅವನು ಮಾಡುವ ತನಕ ನೀನು ಮುಟ್ಟಬಾರದು ಅಂತ. ನಾನು ಕಾದೆ. ಎರಡು ವರ್ಷದ ಹಿಂದೆ ಅವಳಿಗೆ ಬರೆದು ಕೇಳಿದೆ, ಆಯಿತಾ ಅಂತ."

"ಇನ್ನೇನಾದರೂ ಕೇಳುವುದಿದೆಯಾ?" ಎಂದ ಸ್ಟೇಜಿನ ಮೇಲಿದ್ದ ಹುಡುಗ, ಸುಧೀಂದ್ರ ನಿಂತೇ ಇರುವುದನ್ನು ನೋಡಿ.

"ಕೇಳಿ ಗುರುಗಳೇ, ನಾನಿದೀನಿ," ಎಂದು ಮೋಹನರಾಜ ಪಿಸುಗುಟ್ಟಿದ. ಅವನಿಗೆ ಅರ್ಧ ಅರ್ಥವಾಗಿ ಅರ್ಧ ಆಗಿರಲಿಲ್ಲ.

ಮಹತಿಗೆ ಅರ್ಥವಾಗಿತ್ತು. ಅವಳು ಅಮ್ಮನನ್ನು ನೋಡುತ್ತಿದ್ದಳು. ರಾಜಲಕ್ಷ್ಮಿ ಬಗ್ಗಿ ಸೀಟಿನ ಕೆಳಗೆ ಏನನ್ನೋ ಹುಡುಕುತ್ತಿದ್ದಳು. ಎಷ್ಟು ಹೊತ್ತಾದರೂ ಅದು ಸಿಗಲಿಲ್ಲ.

"ಇಲ್ಲ," ಎಂದ ಸುಧೀಂದ್ರ. ಮೈಕನ್ನು ಪಕ್ಕದವರಿಗೆ ಕೊಟ್ಟು ಕೂತ. ಹಾಳೆಯನ್ನು ನಾಲ್ಕಾಗಿ ಮಡಚಿದ, ಎಂಟಾಗಿ ಮಡಚಿದ. ಮುಂದಕ್ಕೆ ಮಡಚಲು ಬರಲಿಲ್ಲ.

*

ವಾಪಸ್ಸು ಹೊರಟಾಗ ಐದು ಗಂಟೆ, ಇನ್ನೂ ಬಿಸಿಲಿತ್ತು. ಟೆಂಪಲ್ ಎಂಬ ಊರಿನ ಹತ್ತಿರ ಎಲ್ಲೋ ಅಪಘಾತವಾಗಿ ಹೆದ್ದಾರಿ ನಿಂತುಹೋಗಿತ್ತು. ಫೋನಿನಲ್ಲಿ ದಾರಿ ತೋರಿಸುವ ಹೆಂಗಸಿನ ದನಿ ಹೇಳಿದ ಹಾಗೆ ರಾಜಲಕ್ಷ್ಮಿ ಒಂದು ಸಣ್ಣ ರಸ್ತೆಗೆ ಇಳಿದಳು. ಎರಡೂ ಬದಿಗೆ ಹುಲ್ಲು, ಹುಲ್ಲಿನಲ್ಲಿ ಏಪ್ರಿಲ್ಲಿನ ನೀಲಿ ಹೂವು.

"ಡಬ್ಬಿ ಅವಳಿಗಾ?" ಎಂದ ಸುಧೀಂದ್ರ.

"ಹೂಂ. ಆಕಿಗೆ ಸೇರತಿತ್ತು. ಅನ್ನದಾಗ ಕಲಿಸ್ಕೊಂಡು ತಿಂತಿದ್ಲು."

"ರೆಸ್ಟ್‌ರೂಮು ಅಂದೆ."

"ರೆಸ್ಟ್‌ರೂಮಿಗೂ ಹೋಗಿದ್ನಿ."

ಅವನು ಕಿಟಕಿಯಾಚೆ ನೋಡಿದ. "ಎರಡು ವರ್ಷದಿಂದ ಗೊತ್ತಿತ್ತು ನಿನಗೆ. ನಾನು ಮನೇಲಿ ಕೂತು ನೋಟ್‌ಬುಕ್ಕಲ್ಲಿ ನಂಬರ್ ಹಾಕ್ತಿದ್ದೆ. ನೀನು ಪಕ್ಕದಲ್ಲೇ ಕೂತು ಹೀರೇಕಾಯಿ ಹೆಚ್ಚುತಿದ್ದೆ."

"ಹೌದ್ರಿ."

"ಏನಂತ ಬರೆದೆ ಅವಳಿಗೆ?"

"ಇನ್ನೂ ಮಾಡಿಲ್ಲ ಅಂತ ಬರದೆ." ರಾಜಲಕ್ಷ್ಮಿ ಕನ್ನಡಿ ನೋಡಿದಳು, ರಸ್ತೆ ನೋಡಿದಳು. "ಆಮ್ಯಾಲೆ ಒಂದು ತಿಂಗಳು ಕಾದೆ. ನೀವು ಗ್ಯಾರೇಜಿಗೆ ಹೋಗಿ ಆ ಡಬ್ಬಾ ತಗೀತೀರೇನೋ ಅಂತ. ಆ ತಿಂಗಳು ನೀವು ಆಕೀದು ಮೂರನೇ ಸಿನಿಮಾ ತಿರಗಾ ಮುರಗಾ ನೋಡ್ಕೋತ ಕೂತಿದ್ರಿ. ಕಡೀಕ, ನೀನರ ಮಾಡು ಅಂತ ಬರದೆ."

ಮುಂದೆ ಕೆಂಪು ದೀಪ ಮಿಣುಕತೊಡಗಿತು. ಟಣಟಣ ಗಂಟೆ ಬಡಿದು ರಸ್ತೆಗೆ ಅಡ್ಡಲಾಗಿ ಗೇಟಿನ ತೋಳು ತಾನಾಗಿ ಇಳಿಯಿತು. ಬಾವುಟ ಹಿಡಿದವರು ಯಾರೂ ಇರಲಿಲ್ಲ. ರಾಜಲಕ್ಷ್ಮಿ ಕಾರು ನಿಲ್ಲಿಸಿದಳು. ದೂರದಲ್ಲಿ ಗೂಡ್ಸು ಗಾಡಿಯ ಕೂಗು ಕೇಳಿತು, ಗಾಡಿ ಇನ್ನೂ ಕಾಣುತ್ತಿರಲಿಲ್ಲ.

"ಆ ಕೋಟಿನ ವಿಷಯ ನನಗೆ ಯಾಕೆ ಹೇಳಲಿಲ್ಲ?"

"ಹೇಳೋದ್ರಾಗ ನೀವು ಪೆನ್ನ ಹುಡುಕ್ಲಿಕ್ಕೆ ಎದ್ರಿ," ಎಂದಳು. "ಕತಿ ಇನ್ನೂ ಇತ್ತು."

ಅವಳ ದನಿಯಲ್ಲಿ ಸಿಟ್ಟಿರಲಿಲ್ಲ. ಸಿಟ್ಟಿದೆಯೋ ಎಂದು ಅವನು ಹುಡುಕಿದ, ಸಿಗಲಿಲ್ಲ. ಎಂಜಿನ್ನು ಬಂತು, ಹಿಂದೆ ಇನ್ನೊಂದು ಎಂಜಿನ್ನು, ಅದರ ಹಿಂದೆ ಮುಗಿಯದಷ್ಟು ಡಬ್ಬಿಗಳು. ಕಾರಿನ ಗಾಜು ಸಣ್ಣಗೆ ನಡುಗುತ್ತಿತ್ತು. ಕಾಲಬುಡದಲ್ಲಿ ಒರಗಿಸಿಟ್ಟಿದ್ದ ನೋಟ್‌ಬುಕ್ಕು ಜಾರಿ ಅವನ ಪಾದದ ಮೇಲೆ ಬಿತ್ತು.

"ಇನ್ನೂ ಏನಿತ್ತು?" ಎಂದ.

ರಾಜಲಕ್ಷ್ಮಿ ಅವನನ್ನೊಮ್ಮೆ ತಿರುಗಿ ನೋಡಿದಳು. ಅವನ ಕೈ ಅಂಗಿಯ ಜೇಬಿನ ಹತ್ತಿರ ಹೋಯಿತೇ ಎಂದು ನೋಡಿದ ಹಾಗಿತ್ತು. ಎರಡೂ ಕೈ ಮೊಣಕಾಲ ಮೇಲಿದ್ದವು.

"ಒಂದಿನ ನಾನು ಆಕೀ ಮನ್ಯಾಗಿದ್ದೆ," ಎಂದು ಶುರುಮಾಡಿದಳು. "ಅಪ್ಪ ಫೋನ್ ಮಾಡಿದ್ರು. ಆಕೀ ಕೈತುಂಬ ಹಿಟ್ಟಿತ್ತು. ನೀ ಎತ್ತು ಅಂದ್ಲು ನನಗ..."

ಸ್ಟೀರಿಂಗಿನ ಮೇಲೆ ಅವಳ ಬಲಗೈ ಮೆಲ್ಲಗೆ ತಟ್ಟುತ್ತಿತ್ತು. ಕೊನೆಯ ಡಬ್ಬಿ ಹೋಯಿತು, ಗಂಟೆ ನಿಂತಿತು, ಗೇಟಿನ ತೋಳು ಮೇಲೆದ್ದಿತು. ಹಿಂದೆ ನಿಂತಿದ್ದ ಟ್ರಕ್ಕಿನವನು ಒಂದು ಸಲ ಹಾರ್ನ್ ಹೊಡೆದ, ಸ್ವಲ್ಪ ಹೊತ್ತು ಬಿಟ್ಟು ಇನ್ನೊಂದು ಸಲ ಹೊಡೆದ, ಆಮೇಲೆ ಇವರನ್ನು ಸುತ್ತಿಕೊಂಡು ಹಳಿ ದಾಟಿ ಹೋದ.